ಕಲ್ನಾರಿನ ಕ್ಯಾನ್ಸರ್: ಚಿಕಿತ್ಸೆ, ಉಪಶಮನ ಮತ್ತು ಕೋಲಾರ ಸೀಮೆ

ಮೀಸೋಥೀಲಿಯೋಮಾ ಎಂಬುದು ಶ್ವಾಸಕೋಶ, ಕರುಳು, ಹೃದಯ ಮೊದಲಾದ ಅಂಗಗಳನ್ನು ಹೊದ್ದುಕೊಂಡಿರುವ ತೆಳುಪೊರೆಯಲ್ಲಿ ಹುಟ್ಟುವ ಕ್ಯಾನ್ಸರ್. ಬಹುಪಾಲು ರೋಗಿಗಳಲ್ಲಿ ಇದು ಎದೆಯ ಪೊರೆಯಲ್ಲಿ ಕಾಣಿಸುತ್ತದೆ. ಉಳಿದವರಲ್ಲಿ ಹೆಚ್ಚಿನವರಿಗೆ ಹೊಟ್ಟೆಯ ಒಳಪೊರೆಯಲ್ಲಿ. ಮುಖ್ಯ ಕಾರಣ ಕಲ್ನಾರು, ಅಂದರೆ ಆಸ್ಬೆಸ್ಟಾಸ್. ಅದರ ನಾರು ಮೈಯೊಳಗೆ ಸೇರಿದ ಮೇಲೆ ರೋಗ ತಲೆ ಎತ್ತಲು ಸಾಮಾನ್ಯವಾಗಿ 20ರಿಂದ 50 ವರ್ಷ ಹಿಡಿಯುತ್ತದೆ. ಹರೆಯದಲ್ಲಿ ಕಾರ್ಖಾನೆ ಸೇರಿದವನಿಗೆ ಮೊಮ್ಮಕ್ಕಳನ್ನು ಆಡಿಸುವ ವಯಸ್ಸಿನಲ್ಲಿ ದಮ್ಮು ಶುರುವಾಗುತ್ತದೆ. ಅಷ್ಟು ಹೊತ್ತಿಗೆ ಕಾರ್ಖಾನೆಯ ಹೆಸರೂ ಬದಲಾಗಿರಬಹುದು, ಹಾಜರಿ ಪುಸ್ತಕ ಗೆದ್ದಲು ತಿಂದಿರಬಹುದು.

ಕಳೆದ ಎರಡು ದಶಕಗಳಲ್ಲಿ ಈ ರೋಗದ ಚಿಕಿತ್ಸೆ ಮುಂದುವರಿದಿರುವುದು ನಿಜ. ಆದರೆ ಕೋಲಾರದಂಥ ಜಿಲ್ಲೆಯಲ್ಲಿ ಅದರ ಫಲ ರೋಗಿಗೆ ಸಿಗಬೇಕಾದರೆ ಮೊದಲು ರೋಗಕ್ಕೆ ಸರಿಯಾದ ಹೆಸರು ಬೀಳಬೇಕು. ಔಷಧಿಗಿಂತ ಕಷ್ಟದ ಕೆಲಸ ಅದೇ.

ದೂಳಿನ ಸೀಮೆ

ಕೋಲಾರ ಜಿಲ್ಲೆಯ ತಾಯಲೂರನ್ನೇ ನೋಡಿ. ಅದು ಮುಳಬಾಗಿಲು ತಾಲ್ಲೂಕಿನ ಹೋಬಳಿ ಕೇಂದ್ರ. ಆಂಧ್ರದ ಗಡಿ ಹತ್ತಿರ, ಕೋಲಾರ ಚಿನ್ನದ ಗಣಿಯೂ (ಕೆಜಿಎಫ್) ದೂರವಲ್ಲ; ಮನೆಯಲ್ಲಿ ತೆಲುಗು, ಶಾಲೆ-ಕಚೇರಿಯಲ್ಲಿ ಕನ್ನಡ ಎಂಬಂಥ ಊರು. ಕಲ್ನಾರಿನ ಗಣಿ ಇಲ್ಲಿಲ್ಲ. ಕರ್ನಾಟಕದಲ್ಲಿ ಕಲ್ನಾರು ಸಿಗುವ ಜಾಗವೆಂದು ಭೂವಿಜ್ಞಾನಿಗಳು ಹೆಸರಿಸುವುದು ಹಾಸನ ಜಿಲ್ಲೆಯ ಹೊಳೆನರಸೀಪುರದ ಶಿಲಾಪಟ್ಟಿಯನ್ನು. ನೆರೆಯ ಆಂಧ್ರದಲ್ಲಾದರೆ ಕಡಪ ಜಿಲ್ಲೆಯ ಪುಲಿವೆಂದುಲ ಭಾಗವನ್ನು. ಕೋಲಾರದ ಚಿನ್ನದ ಪಟ್ಟಿಯಲ್ಲಿ ಹೇರಳವಾಗಿರುವ ಆಂಫಿಬೊಲೈಟ್ ಕಲ್ಲಿನ ಖನಿಜಗಳು ಕಲ್ನಾರಿನ ದಾಯಾದಿಗಳೇ. ಆದರೆ ಖನಿಜ ಕೂದಲಿನಂತೆ ನಾರುನಾರಾಗಿ ಬಿಡಿಸಿಕೊಂಡು ಬಂದರೆ ಮಾತ್ರ ಅದು ಕಲ್ನಾರು. ಬಂಡೆಯಾಗಿ ಗಟ್ಟಿಯಾಗಿ ಕೂತ ಹಾರ್ನ್‌ಬ್ಲೆಂಡ್ ಕಲ್ನಾರಲ್ಲ.

ದೂಳು ಕುಡಿದು ಎದೆ ಕೆಡಿಸಿಕೊಳ್ಳುವುದು ಮಾತ್ರ ಈ ಸೀಮೆಗೆ ಹೊಸದಲ್ಲ. ಭಾರತದಲ್ಲಿ ಸಿಲಿಕೋಸಿಸ್ ಮೊದಲು ವರದಿಯಾದದ್ದು ಕೆಜಿಎಫ್‌ನಿಂದಲೇ, 1934ರಲ್ಲಿ. 1940ರಿಂದ 46ರವರೆಗೆ ಅಲ್ಲಿ ನಡೆದ ತಪಾಸಣೆಯಲ್ಲಿ ಏಳು ಸಾವಿರಕ್ಕೂ ಹೆಚ್ಚು ಕಾರ್ಮಿಕರನ್ನು ನೋಡಲಾಯಿತು. ಹತ್ತು ಮಂದಿಯಲ್ಲಿ ನಾಲ್ವರಿಗಿಂತ ಹೆಚ್ಚಿಗೆ ಸಿಲಿಕೋಸಿಸ್ ಇತ್ತು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಆ ದೂಳು ಸಿಲಿಕಾ, ಅಂದರೆ ಬೆಣಚುಕಲ್ಲಿನ ಪುಡಿ. ಅದು ಶ್ವಾಸಕೋಶದಲ್ಲಿ ಗಂಟು ಕಟ್ಟಿಸುತ್ತದೆ, ಟಿ.ಬಿ.ಗೆ ದಾರಿ ಮಾಡುತ್ತದೆ, ಶ್ವಾಸಕೋಶದ ಕ್ಯಾನ್ಸರಿನ ಅಪಾಯವನ್ನೂ ಹೆಚ್ಚಿಸುತ್ತದೆ. ಮೀಸೋಥೀಲಿಯೋಮಾ ತರುವುದು ಸಿಲಿಕಾ ಅಲ್ಲ, ಕಲ್ನಾರು. ಈ ಎರಡನ್ನು ಬೆರೆಸಿ ‘ಗಣಿ ಕಾಯಿಲೆ’ ಎಂದು ಒಂದೇ ಗಂಟಿಗೆ ಕಟ್ಟಿದರೆ ರೋಗಿಗೆ ನಷ್ಟ.

ಹಾಗಾದರೆ ತಾಯಲೂರಿನವನಿಗೆ ಕಲ್ನಾರು ಎಲ್ಲಿ ಎದುರಾಗುತ್ತದೆ? ತಲೆಯ ಮೇಲೆ. ದನದ ಕೊಟ್ಟಿಗೆ, ರೇಷ್ಮೆ ಹುಳು ಸಾಕುವ ಮನೆ, ಟೀ ಅಂಗಡಿ, ಬಾಡಿಗೆ ಕೋಣೆ, ಹೀಗೆ ಸಿಮೆಂಟ್ ಶೀಟು ಹೊದಿಸಿದ ಮಾಡು ಎಲ್ಲೆಲ್ಲೂ ಇದೆ. ಅಂಥ ಶೀಟಿನಲ್ಲಿ ಹತ್ತನೇ ಒಂದು ಪಾಲಿನ ಆಸುಪಾಸು ಕಲ್ನಾರು, ಉಳಿದದ್ದು ಹೆಚ್ಚಾಗಿ ಸಿಮೆಂಟು. ಎಷ್ಟು ಮನೆಗಳ ಮೇಲಿದೆ ಎಂದು ಜನಗಣತಿಯನ್ನು ಕೇಳಿದರೆ ಉತ್ತರ ಸಿಗದು. 2011ರ ಗಣತಿ ತಗಡನ್ನೂ ಕಲ್ನಾರಿನ ಶೀಟನ್ನೂ ಒಂದೇ ಕಾಲಮ್ಮಿಗೆ ಹಾಕಿದೆ. ಕೆಡದೆ ಕೂತ ಶೀಟಿನಲ್ಲಿ ನಾರು ಸಿಮೆಂಟಿಗೆ ಅಂಟಿಕೊಂಡಿರುತ್ತದೆ. ಅದರ ಕೆಳಗೆ ಮಲಗಿದವರೆಲ್ಲ ರೋಗಿಗಳಾಗುತ್ತಾರೆಂದು ಹೆದರಬೇಕಿಲ್ಲ. ಕಟರ್ ಹಾಕಿ ಒಣಗಿದ ಶೀಟು ಕೊಯ್ಯುವಾಗ, ತೂತು ಕೊರೆಯುವಾಗ, ಹಳೆಯ ಮಾಡನ್ನು ಒಡೆದು ಚಚ್ಚಿ ಗುಂಡಿಗೆ ತುಂಬುವಾಗ ನಾರು ಗಾಳಿಗೆ ಏಳುತ್ತದೆ. ಈ ಕೆಲಸ ಮಾಡುವವರು ಸಂಬಳದ ಕಾರ್ಮಿಕರಲ್ಲ. ದಿನಗೂಲಿಯ ಗಾರೆಯವರು, ವೆಲ್ಡಿಂಗಿನವರು. ಬೆಂಗಳೂರಿಗೆ ಹೋಗಿ ಬಾಯ್ಲರ್, ಬ್ರೇಕ್ ಲೈನಿಂಗ್, ಕಟ್ಟಡ ಕೆಡಹುವ ಕೆಲಸದಲ್ಲಿ ವರ್ಷಗಟ್ಟಲೆ ದುಡಿದು ಊರಿಗೆ ಮರಳಿದವರು ಇನ್ನೊಂದು ಗುಂಪು.

ನಾರು ಮಾಡುವ ಕೆಲಸ

ಕಲ್ನಾರಿನಲ್ಲಿ ಎರಡು ಕುಲ. ಸುರುಳಿ ಸುರುಳಿಯಾದ ಬಿಳಿ ಕ್ರೈಸೊಟೈಲ್ ಒಂದು. ನೆಟ್ಟಗೆ ಸೂಜಿಯಂತಿರುವ ಕ್ರೊಸಿಡೊಲೈಟ್, ಅಮೊಸೈಟ್, ಟ್ರೆಮೊಲೈಟ್ ಮುಂತಾದ ಆಂಫಿಬೋಲ್‌ಗಳು ಇನ್ನೊಂದು. ಆಂಫಿಬೋಲ್ ನಾರು ದೇಹದಲ್ಲಿ ಬಹುಕಾಲ ಕರಗದೆ ಉಳಿಯುತ್ತದೆ, ಮೀಸೋಥೀಲಿಯೋಮಾ ತರುವುದರಲ್ಲೂ ಅದೇ ಮುಂದು. ಬಿಳಿಯದು ಬೇಗ ಕರಗುತ್ತದೆ, ಆದ್ದರಿಂದ ಎಚ್ಚರದಿಂದ ಬಳಸಿದರೆ ಅಪಾಯವಿಲ್ಲ ಎಂಬುದು ಉದ್ಯಮದ ವಾದ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ ಈ ವಾದವನ್ನು ಒಪ್ಪಿಲ್ಲ. ಎಲ್ಲ ಬಗೆಯ ಕಲ್ನಾರನ್ನೂ ಕ್ಯಾನ್ಸರ್ ತರುವುದು ಖಚಿತವಾದ ಮೊದಲ ಗುಂಪಿನಲ್ಲಿಟ್ಟಿದೆ. ಒಣ ಶೀಟನ್ನು ಮುಖಕ್ಕೆ ಟವೆಲ್ ಕಟ್ಟಿ ಕೊಯ್ಯುವ ಊರಿನಲ್ಲಿ ‘ಎಚ್ಚರದ ಬಳಕೆ’ ಎಂಬ ಮಾತಿಗೆ ಎಷ್ಟು ಬೆಲೆಯೋ ಓದುಗರೇ ಲೆಕ್ಕ ಹಾಕಬಹುದು.

ಉದ್ದ ನಾರನ್ನು ನುಂಗಲು ಹೋದ ರಕ್ಷಕ ಕೋಶ ಅದನ್ನು ಪೂರ್ತಿ ಒಳಗೆ ಎಳೆದುಕೊಳ್ಳಲಾರದೆ ಒದ್ದಾಡುತ್ತದೆ, ಉರಿಯೂತದ ರಾಸಾಯನಿಕಗಳನ್ನು ಸುರಿಸುತ್ತದೆ. ಈ ಉರಿಯೂತ ದಶಕಗಳ ಕಾಲ ಆರುವುದಿಲ್ಲ. ಪೊರೆಯ ಜೀವಕೋಶಗಳ ವಂಶವಾಹಿಗಳು ಒಂದೊಂದಾಗಿ ಕೆಡುತ್ತವೆ. ಬಿಎಪಿ1, ಸಿಡಿಕೆಎನ್2ಎ, ಎನ್ಎಫ್2 ಎಂಬ ತಡೆಗಾರ ಜೀನ್‌ಗಳು ಕಳೆದುಹೋಗುವುದು ಈ ರೋಗದಲ್ಲಿ ಮೇಲಿಂದ ಮೇಲೆ ಕಂಡುಬಂದಿದೆ. ಬಿಎಪಿ1 ದೋಷವನ್ನು ಹುಟ್ಟಿನಿಂದಲೇ ಹೊತ್ತ ಕುಟುಂಬಗಳಿವೆ ಎಂಬುದು 2011ರಲ್ಲಿ ಗೊತ್ತಾಯಿತು. ಬೀಡಿ-ಸಿಗರೇಟು ಮೀಸೋಥೀಲಿಯೋಮಾವನ್ನು ಹೆಚ್ಚಿಸುವುದಿಲ್ಲ. ಆದರೆ ಕಲ್ನಾರಿನ ಜೊತೆ ಹೊಗೆಯೂ ಸೇರಿದರೆ ಶ್ವಾಸಕೋಶದ ಕ್ಯಾನ್ಸರಿನ ಅಪಾಯ ಹಲವು ಪಟ್ಟು ಏರುತ್ತದೆ.

ಕಲ್ನಾರಿಗೂ ಈ ಕ್ಯಾನ್ಸರಿಗೂ ಇರುವ ನಂಟನ್ನು ಗಟ್ಟಿಯಾಗಿ ತೋರಿಸಿದವರು ದಕ್ಷಿಣ ಆಫ್ರಿಕಾದ ವ್ಯಾಗ್ನರ್, ಸ್ಲೆಗ್ಸ್ ಮತ್ತು ಮಾರ್ಚಾಂಡ್. 1960ರ ಅವರ ಪ್ರಬಂಧದಲ್ಲಿ 33 ರೋಗಿಗಳ ವಿವರವಿದೆ. ಬಹುತೇಕರು ಕೇಪ್ ಪ್ರಾಂತ್ಯದ ನೀಲಿ ಕಲ್ನಾರಿನ ಸಂಪರ್ಕಕ್ಕೆ ಬಂದವರು, ಗಣಿಯಲ್ಲಿ ಕಾಲಿಡದೆ ಪಕ್ಕದಲ್ಲಿ ವಾಸವಿದ್ದವರೂ ಅವರಲ್ಲಿದ್ದರು. 1965ರಲ್ಲಿ ಲಂಡನ್ನಿನ ನ್ಯೂಹೌಸ್ ಮತ್ತು ಥಾಂಪ್ಸನ್ ಕಾರ್ಮಿಕರ ದೂಳಿನ ಬಟ್ಟೆ ಒಗೆದ ಮನೆಯವರಿಗೂ ರೋಗ ಬರುವುದನ್ನು ದಾಖಲಿಸಿದರು. ಟರ್ಕಿಯ ಕಪಡೋಕಿಯದ ಕರೈನ್, ತುಜ್ಕೊಯ್ ಎಂಬ ಹಳ್ಳಿಗಳಲ್ಲಂತೂ ಕಾರ್ಖಾನೆಯೇ ಬೇಕಾಗಲಿಲ್ಲ. ಮನೆ ಕಟ್ಟಿದ ಕಲ್ಲಿನಲ್ಲೇ ಎರಿಯೊನೈಟ್ ಎಂಬ ಕಲ್ನಾರಿನಂಥ ಖನಿಜವಿತ್ತು.

ಎದೆಯ ನೀರು ಮತ್ತು ಟಿ.ಬಿ.ಯ ನೆರಳು

ರೋಗಿ ಆಸ್ಪತ್ರೆಗೆ ಬರುವುದು ಸಾಮಾನ್ಯವಾಗಿ ದಮ್ಮು, ಒಂದು ಪಕ್ಕೆಯ ಬಿಡದ ನೋವು ಮತ್ತು ತೂಕ ಇಳಿದ ಮೈಯಿಂದ. ಎಕ್ಸ್‌ರೇ ತೆಗೆದರೆ ಒಂದು ಕಡೆ ನೀರು ತುಂಬಿರುತ್ತದೆ. ನಮ್ಮಲ್ಲಿ ಎದೆಯಲ್ಲಿ ನೀರು ಎಂದರೆ ಮೊದಲ ಅನುಮಾನ ಟಿ.ಬಿ., ಮತ್ತು ಆ ಅನುಮಾನ ತಪ್ಪಲ್ಲ. ತೊಡಕು ಆಮೇಲಿನದು. ಟಿ.ಬಿ.ಯ ನೀರಿನಲ್ಲೂ ಮೀಸೋಥೀಲಿಯೋಮಾದ ನೀರಿನಲ್ಲೂ ಪ್ರೋಟೀನು ಹೆಚ್ಚು, ಎರಡರಲ್ಲೂ ಲಿಂಫೊಸೈಟ್ ಕೋಶಗಳೇ ಮುಂದಾಗಿರಬಹುದು. ನೀರಿನಲ್ಲಿ ಕ್ಯಾನ್ಸರ್ ಕೋಶ ಸಿಗಲಿಲ್ಲವೆಂದ ಮಾತ್ರಕ್ಕೆ ಕ್ಯಾನ್ಸರ್ ಇಲ್ಲವೆಂದಾಗದು, ಏಕೆಂದರೆ ಈ ರೋಗದಲ್ಲಿ ನೀರಿನ ಪರೀಕ್ಷೆ ಹಲವು ಸಲ ಏನನ್ನೂ ಹೇಳದೆ ಸುಮ್ಮನಾಗುತ್ತದೆ. ಆರು ತಿಂಗಳು ಟಿ.ಬಿ. ಮಾತ್ರೆ ನುಂಗಿ, ನಡುವೆ ಎರಡು-ಮೂರು ಸಲ ನೀರು ತೆಗೆಸಿಕೊಂಡು ಬರುವಷ್ಟರಲ್ಲಿ ಪೊರೆ ತೊಗಟೆಯಂತೆ ದಪ್ಪವಾಗಿ ಶ್ವಾಸಕೋಶವನ್ನು ಹಿಡಿದುಬಿಟ್ಟಿರುತ್ತದೆ.

ತೆಗೆದ ನೀರು ಮತ್ತೆ ಮತ್ತೆ ತುಂಬುವುದು, ನೀರಿನಲ್ಲಿ ರಕ್ತ ಕಾಣುವುದು, ಟಿ.ಬಿ. ಔಷಧಿ ತೆಗೆದುಕೊಂಡರೂ ನೋವು ಹೆಚ್ಚುತ್ತ ಹೋಗುವುದು: ಇಂಥ ಗುರುತು ಕಂಡಾಗ ಸಿ.ಟಿ. ಸ್ಕ್ಯಾನ್ ಮಾಡಿಸಿ, ದೂರ್ಬೀನು ಹಾಕಿ ಪೊರೆಯ ತುಣುಕು ತೆಗೆಯಬೇಕು. ಥೊರಾಕೊಸ್ಕೊಪಿ ಎನ್ನುವ ಈ ವಿಧಾನದಿಂದ ತುಣುಕೂ ಸಿಗುತ್ತದೆ, ನೀರೂ ಖಾಲಿಯಾಗುತ್ತದೆ. ತುಣುಕು ಸಿಕ್ಕರೆ ಮುಗಿಯಿತೇ? ಇಲ್ಲ. ಸೂಕ್ಷ್ಮದರ್ಶಕದಡಿ ಮೀಸೋಥೀಲಿಯೋಮಾ ಶ್ವಾಸಕೋಶದ ಅಡಿನೊಕಾರ್ಸಿನೋಮಾದಂತೆಯೇ ಕಾಣಬಹುದು. ಕ್ಯಾಲ್‌ರೆಟಿನಿನ್, ಡಬ್ಲ್ಯುಟಿ1, ಡಿ2-40 ಮೊದಲಾದ ಬಣ್ಣಪರೀಕ್ಷೆಗಳು ಮೀಸೋಥೀಲಿಯೋಮಾವನ್ನು ಹೌದೆಂದರೆ, ಟಿಟಿಎಫ್1 ಅಡಿನೊಕಾರ್ಸಿನೋಮಾವನ್ನು ಹೌದೆನ್ನುತ್ತದೆ. ಈ ಪರೀಕ್ಷೆಯ ಖರ್ಚು ಉಳಿಸಿ ‘ಎದೆ ಕ್ಯಾನ್ಸರ್’ ಎಂದಷ್ಟೇ ಬರೆದ ಚೀಟಿ ಇಡೀ ಚಿಕಿತ್ಸೆಯನ್ನು ಅಡ್ಡದಾರಿಗೆ ಎಳೆಯುತ್ತದೆ.

ತುಣುಕಿನ ವರದಿಯಲ್ಲಿ ಇನ್ನೊಂದು ಮಾತು ನೋಡಬೇಕು: ಎಪಿಥೀಲಿಯಾಯ್ಡ್, ಸಾರ್ಕೊಮಟಾಯ್ಡ್ ಅಥವಾ ಎರಡೂ ಬೆರೆತದ್ದು. ಮೊದಲನೆಯದಕ್ಕೆ ಚಿಕಿತ್ಸೆ ಹೆಚ್ಚು ಒಗ್ಗುತ್ತದೆ. ಎರಡನೆಯದು ಬೇಗ ಹಬ್ಬುತ್ತದೆ, ಕಿಮೋಗೆ ಅಷ್ಟಾಗಿ ಬಗ್ಗದು.

ಚಿಕಿತ್ಸೆ

2003ರವರೆಗೆ ಈ ರೋಗಕ್ಕೆ ಆಯಸ್ಸು ಹೆಚ್ಚಿಸುತ್ತದೆಂದು ದೊಡ್ಡ ಪ್ರಯೋಗದಲ್ಲಿ ಸಾಬೀತಾದ ಔಷಧಿಯೇ ಇರಲಿಲ್ಲ. ಆ ವರ್ಷ 456 ರೋಗಿಗಳ ಪ್ರಯೋಗವೊಂದು ಸಿಸ್‌ಪ್ಲಾಟಿನ್ ಜೊತೆ ಪೆಮೆಟ್ರೆಕ್ಸೆಡ್ ಸೇರಿಸಿದರೆ ಸರಾಸರಿ ಬದುಕು (ಅರ್ಧದಷ್ಟು ರೋಗಿಗಳು ದಾಟಿದ ಅವಧಿ) 9.3 ತಿಂಗಳಿಂದ 12.1 ತಿಂಗಳಿಗೆ ಏರುವುದೆಂದು ತೋರಿಸಿತು. ಮೂರು ವಾರಕ್ಕೊಮ್ಮೆ, ನಾಲ್ಕರಿಂದ ಆರು ಸುತ್ತು. ಜೊತೆಗೆ ಫೋಲಿಕ್ ಆಸಿಡ್ ಮಾತ್ರೆ, ಬಿ12 ಇಂಜೆಕ್ಷನ್. ಅಗ್ಗದ ಈ ಎರಡು ವಿಟಮಿನ್ ಇಲ್ಲದಿದ್ದರೆ ದುಬಾರಿ ಕಿಮೋ ರಕ್ತಕಣಗಳನ್ನು ತಿಂದುಹಾಕುತ್ತದೆ. ಪ್ರಯೋಗದ ನಡುವೆಯೇ ಇದು ಗೊತ್ತಾಗಿ ಎಲ್ಲರಿಗೂ ವಿಟಮಿನ್ ಕೊಡಲಾರಂಭಿಸಿದರು. ಮೂತ್ರಪಿಂಡ ಸೋತವರಿಗೆ, ವಯಸ್ಸಾದವರಿಗೆ ಸಿಸ್‌ಪ್ಲಾಟಿನ್ ಬದಲು ಕಾರ್ಬೊಪ್ಲಾಟಿನ್ ಕೊಡುವುದುಂಟು. ಪೆಮೆಟ್ರೆಕ್ಸೆಡ್ ಈಗ ಭಾರತದ ಕಂಪನಿಗಳೇ ತಯಾರಿಸುವ ಔಷಧಿ. ಬೆವಾಸಿಜುಮ್ಯಾಬ್ ಸೇರಿಸಿದ ಫ್ರಾನ್ಸಿನ ಪ್ರಯೋಗ 2016ರಲ್ಲಿ 16.1 ತಿಂಗಳನ್ನು 18.8ಕ್ಕೆ ಒಯ್ದಿತು.

ದೊಡ್ಡ ತಿರುವು 2020ರದು. ರೋಗನಿರೋಧಕ ಶಕ್ತಿಯ ಬ್ರೇಕ್ ಸಡಿಲಿಸುವ ನಿವೊಲುಮ್ಯಾಬ್ ಮತ್ತು ಇಪಿಲಿಮುಮ್ಯಾಬ್ ಎಂಬ ಜೋಡಿಯನ್ನು 605 ರೋಗಿಗಳ ಪ್ರಯೋಗದಲ್ಲಿ ಕಿಮೋ ಎದುರು ನಿಲ್ಲಿಸಲಾಯಿತು. ಕಿಮೋ ಪಡೆದವರ ಸರಾಸರಿ ಬದುಕು 14.1 ತಿಂಗಳು, ಜೋಡಿ ಔಷಧಿಯವರದು 18.1. ಕಿಮೋಗೆ ಬಗ್ಗದ ಸಾರ್ಕೊಮಟಾಯ್ಡ್ ಮತ್ತು ಬೆರೆತ ಬಗೆಯಲ್ಲಿ ಅಂತರ ಇನ್ನೂ ಹೆಚ್ಚು: 8.8 ತಿಂಗಳ ಬದಲು 18.1. ಕಿಮೋ ಜೊತೆ ಪೆಂಬ್ರೊಲಿಜುಮ್ಯಾಬ್ ಸೇರಿಸುವ ಮತ್ತೊಂದು ದಾರಿಗೆ ಅಮೆರಿಕ 2024ರಲ್ಲಿ ಒಪ್ಪಿಗೆ ಕೊಟ್ಟಿದೆ.

ಈ ಔಷಧಿಗಳ ಬೆಲೆ ಲಕ್ಷಗಳಲ್ಲಿ. ಹುಳುಮನೆಯ ಆದಾಯದಲ್ಲಿ ಬದುಕುವ ಸಂಸಾರಕ್ಕೆ ಇದು ಜಮೀನು ಮಾರುವ ಮಾತು. ಮುಂಬೈನ ಟಾಟಾ ಸ್ಮಾರಕ ಆಸ್ಪತ್ರೆ ಬಾಯಿ-ಗಂಟಲ ಕ್ಯಾನ್ಸರಿನಲ್ಲಿ ವಾಡಿಕೆಯ ಪ್ರಮಾಣದ ಹತ್ತನೇ ಒಂದು ಪಾಲಿಗಿಂತ ಕಡಿಮೆ, 20 ಮಿಲಿಗ್ರಾಂ ನಿವೊಲುಮ್ಯಾಬ್ ಸೇರಿಸಿಯೂ ಫಲ ಕಂಡಿದೆ. ಅದು ಬೇರೆ ಕ್ಯಾನ್ಸರ್. ಹಾಗೇ ತಂದು ಮೀಸೋಥೀಲಿಯೋಮಾಕ್ಕೆ ಅಂಟಿಸಲಾಗದು. ಆದರೂ ನಮ್ಮಂಥ ದೇಶ ಹಿಡಿಯಬೇಕಾದ ಸಂಶೋಧನೆಯ ದಿಕ್ಕು ಅದು.

ಆಸ್ಪತ್ರೆಯಿಂದ ದೂರವಿರುವ ರೋಗಿ ತಿಳಿದಿರಲೇಬೇಕಾದ ವಿಷಯ ಮತ್ತೊಂದಿದೆ. ಈ ಔಷಧಿಗಳ ಅಡ್ಡಪರಿಣಾಮ ಕಿಮೋದಂಥದ್ದಲ್ಲ. ಬ್ರೇಕ್ ಸಡಿಲಿಸಿದ ರೋಗನಿರೋಧಕ ಶಕ್ತಿ ಸ್ವಂತ ಕರುಳು, ಥೈರಾಯ್ಡ್, ಯಕೃತ್ತು, ಶ್ವಾಸಕೋಶಗಳ ಮೇಲೆಯೇ ತಿರುಗಿಬೀಳಬಹುದು. ವಾರಗಳ ನಂತರ ಶುರುವಾದ ಭೇದಿಯನ್ನು ‘ಊಟ ಹಿಡಿಸಿಲ್ಲ’ ಎಂದು ಊರಲ್ಲೇ ಮಾತ್ರೆ ಕೊಟ್ಟು ನಿಲ್ಲಿಸಲು ಹೋದರೆ ಕರುಳು ತೂತಾಗುವ ಮಟ್ಟಕ್ಕೂ ಹೋದೀತು; ಅದಕ್ಕೆ ಬೇಕಾದದ್ದು ತಕ್ಷಣದ ಸ್ಟೀರಾಯ್ಡ್. ಯಾವ ಔಷಧಿ ನಡೆಯುತ್ತಿದೆ ಎಂಬ ಚೀಟಿ ಜೇಬಿನಲ್ಲಿರಬೇಕು, ತಾಯಲೂರಿನ ಡಾಕ್ಟರಿಗೂ ತೋರಿಸಬೇಕು.

ಶಸ್ತ್ರಚಿಕಿತ್ಸೆಯ ಕಥೆ ಉಲ್ಟಾ ದಿಕ್ಕಿನಲ್ಲಿ ಸಾಗಿದೆ. ಪೊರೆ, ಶ್ವಾಸಕೋಶ, ವಪೆ ಎಲ್ಲವನ್ನೂ ತೆಗೆಯುವ ಭಾರಿ ಆಪರೇಷನ್ನಿನಿಂದ ಲಾಭಕ್ಕಿಂತ ಹಾನಿಯೇ ಹೆಚ್ಚಿರಬಹುದೆಂದು ಬ್ರಿಟನ್ನಿನ ಮಾರ್ಸ್ ಪ್ರಯೋಗ 2011ರಲ್ಲಿ ಸೂಚಿಸಿತು. ಶ್ವಾಸಕೋಶ ಉಳಿಸಿ ಪೊರೆಯನ್ನಷ್ಟೇ ಸುಲಿಯುವ ವಿಧಾನದ ಮೇಲೆ ಎಲ್ಲರಿಗೂ ಭರವಸೆಯಿತ್ತು. 335 ಮಂದಿಯ ಮಾರ್ಸ್-2 ಅದನ್ನೂ ಅಲುಗಾಡಿಸಿತು: ಆಪರೇಷನ್ ಮತ್ತು ಕಿಮೋ ಪಡೆದವರಿಗೆ 19.3 ತಿಂಗಳು, ಬರೀ ಕಿಮೋ ಪಡೆದವರಿಗೆ 24.8. 2024ರಲ್ಲಿ ಈ ಫಲಿತಾಂಶ ಅಚ್ಚಾದ ಮೇಲೆ ಎದೆಯ ಮೀಸೋಥೀಲಿಯೋಮಾಕ್ಕೆ ‘ಆಪರೇಷನ್ ಮಾಡಿದರೆ ವಾಸಿ’ ಎಂದು ಮುಂಗಡ ಕಟ್ಟಿಸಿಕೊಳ್ಳುವ ಆಸ್ಪತ್ರೆ ಸಿಕ್ಕರೆ ಇನ್ನೊಬ್ಬ ತಜ್ಞರನ್ನು ಕೇಳದೆ ಸಹಿ ಹಾಕಬಾರದು.

ಹೊಟ್ಟೆಯ ಪೊರೆಯ ರೋಗ ಬೇರೆಯೇ ಲೆಕ್ಕ. ಅಲ್ಲಿ ಗಡ್ಡೆಯನ್ನೆಲ್ಲ ಸುಲಿದು ತೆಗೆದು, ಸುಮಾರು 42 ಡಿಗ್ರಿಗೆ ಬಿಸಿ ಮಾಡಿದ ಕಿಮೋ ದ್ರವವನ್ನು ಒಂದು-ಒಂದೂವರೆ ಗಂಟೆ ಹೊಟ್ಟೆಯೊಳಗೇ ಆಡಿಸುವ ಹೈಪೆಕ್ ವಿಧಾನ ಕೆಲಸ ಮಾಡುತ್ತದೆ. 2009ರಲ್ಲಿ ಪ್ರಕಟವಾದ, ಹಲವು ದೇಶಗಳ 405 ರೋಗಿಗಳ ದಾಖಲೆಯಲ್ಲಿ ಸರಾಸರಿ ಬದುಕು 53 ತಿಂಗಳು, ಐದು ವರ್ಷ ದಾಟಿದವರು ನೂರಕ್ಕೆ 47. ಆಪರೇಷನ್ ತಾಳಬಲ್ಲರು ಎಂದು ಆರಿಸಿದವರ ಅಂಕಿ ಇದು ಎಂಬುದನ್ನು ಮರೆಯಬಾರದು.

ಕರೆಂಟು ಕೊಡುವುದು, ಅಂದರೆ ವಿಕಿರಣ, ಹೆಚ್ಚಾಗಿ ನೋವಿಗೆ. ನೀರು ಮತ್ತೆ ತುಂಬದಂತೆ ಪೊರೆಗಳ ನಡುವೆ ಟಾಲ್ಕ್ ಪುಡಿ ಹಾಕಿ ಅಂಟಿಸಬಹುದು. ಅಥವಾ ಮನೆಯಲ್ಲೇ ನೀರು ಬಸಿದುಕೊಳ್ಳಲು ಸಣ್ಣ ನಳಿಗೆ ಕೂರಿಸಬಹುದು. ಬಸ್ಸಿನಲ್ಲಿ ಬೆಂಗಳೂರಿಗೆ ಓಡಾಡುವ ರೋಗಿಗೆ ಈ ನಳಿಗೆಯ ಉಪಕಾರ ದೊಡ್ಡ ಔಷಧಿಗಿಂತ ಕಡಿಮೆಯೇನಲ್ಲ.

ಉಪಶಮನವನ್ನು ಅಳೆಯುವ ಬಗೆ

ಸ್ಕ್ಯಾನಿನಲ್ಲಿ ರೋಗದ ಗುರುತೇ ಇಲ್ಲದಂತಾದರೆ ಪೂರ್ಣ ಉಪಶಮನ, ಅಳತೆ ಕನಿಷ್ಠ ನೂರಕ್ಕೆ 30ರಷ್ಟು ಕುಗ್ಗಿದರೆ ಭಾಗಶಃ ಉಪಶಮನ. ಬೇರೆ ಗಡ್ಡೆಗಳು ಉಂಡೆಯಂತಿರುವುದರಿಂದ ಅಡ್ಡಳತೆ ತೆಗೆಯುವುದು ಸುಲಭ. ಮೀಸೋಥೀಲಿಯೋಮಾ ಎದೆಗೂಡಿನ ಒಳಗೋಡೆಗೆ ಗಾರೆ ಮೆತ್ತಿದಂತೆ ಹಬ್ಬುವುದರಿಂದ ಹಲವು ಕಡೆ ದಪ್ಪ ಅಳೆದು ಕೂಡಿಸಬೇಕು. ಅದಕ್ಕೆಂದೇ 2004ರಲ್ಲಿ ತಿದ್ದಿದ ಮಾನದಂಡವೊಂದು ಬಂತು. ಒಬ್ಬ ರೇಡಿಯಾಲಜಿಸ್ಟರಿಗೆ ‘ಕುಗ್ಗಿದೆ’ ಎನಿಸಿದ್ದು ಇನ್ನೊಬ್ಬರಿಗೆ ‘ಹಾಗೇ ಇದೆ’ ಎನಿಸಬಹುದು.

605 ಮಂದಿಯ ಪ್ರಯೋಗದಲ್ಲಿ ಗಡ್ಡೆ ಕುಗ್ಗಿದವರ ಪಾಲು ಎರಡೂ ಕಡೆ ಹೆಚ್ಚುಕಡಿಮೆ ಒಂದೇ, ನೂರಕ್ಕೆ ನಲವತ್ತರ ಆಸುಪಾಸು. ಪೂರ್ಣ ಉಪಶಮನ ಕಂಡವರು ಜೋಡಿ ಔಷಧಿಯಲ್ಲೂ ನೂರಕ್ಕೆ ಇಬ್ಬರಷ್ಟೇ. ಮೊದಲ ಸ್ಕ್ಯಾನ್ ನೋಡಿ ಯಾವುದು ಮೇಲು ಎಂದು ಹೇಳುವುದು ಕಷ್ಟವಿತ್ತು. ವ್ಯತ್ಯಾಸ ತೋರಿದ್ದು ಕಾಲ. ಮೂರು ವರ್ಷದ ಹೊತ್ತಿಗೆ, ಕಿಮೋದಿಂದ ಗಡ್ಡೆ ಕುಗ್ಗಿದವರಲ್ಲಿ ಆ ಉಪಶಮನ ಉಳಿಸಿಕೊಂಡವರು ಒಬ್ಬರೂ ಇರಲಿಲ್ಲ. ಜೋಡಿ ಔಷಧಿಯಿಂದ ಕುಗ್ಗಿದವರಲ್ಲಿ ನೂರಕ್ಕೆ 28 ಮಂದಿಗೆ ಅದು ಇನ್ನೂ ನಿಂತಿತ್ತು, ಎರಡು ವರ್ಷಕ್ಕೆ ಔಷಧಿ ನಿಲ್ಲಿಸಿದ ಮೇಲೂ. ಮೂರು ವರ್ಷ ಬದುಕಿದ್ದವರು ಜೋಡಿ ಔಷಧಿಯ ಕಡೆ ನೂರಕ್ಕೆ 23, ಕಿಮೋ ಕಡೆ 15. ಹಾಗಾಗಿ ಈ ರೋಗದಲ್ಲಿ ‘ಎಷ್ಟು ಕುಗ್ಗಿತು’ ಎಂಬುದಕ್ಕಿಂತ ‘ಎಷ್ಟು ಕಾಲ ಕುಗ್ಗಿಯೇ ಇತ್ತು’ ಎಂದು ಕೇಳುವುದು ಜಾಣತನ.

ಸರಾಸರಿಯನ್ನು ಗಡುವು ಎಂದು ಓದುವವರಿಗೆ ಉತ್ತರ, ಅಮೆರಿಕದ ಜೀವವಿಕಾಸ ವಿಜ್ಞಾನಿ ಸ್ಟೀಫನ್ ಜೇ ಗೌಲ್ಡ್ ಅವರ ಬದುಕಿನಲ್ಲಿದೆ. 1982ರ ಜುಲೈನಲ್ಲಿ, 40ರ ವಯಸ್ಸಿನಲ್ಲಿ, ಅವರಿಗೆ ಹೊಟ್ಟೆಯ ಮೀಸೋಥೀಲಿಯೋಮಾ ಇರುವುದು ಗೊತ್ತಾಯಿತು. ಆಗಿನ ಗ್ರಂಥಗಳ ಪ್ರಕಾರ ಸರಾಸರಿ ಎಂಟು ತಿಂಗಳು. ಅಂಕಿಅಂಶ ಬಲ್ಲ ಅವರು ಲೆಕ್ಕವನ್ನು ಬೇರೆ ತರಹ ನೋಡಿದರು: ಅರ್ಧ ಮಂದಿ ಎಂಟು ತಿಂಗಳೊಳಗೆ ಸಾಯುತ್ತಾರೆ ನಿಜ, ಉಳಿದರ್ಧ ಎಂಟು ತಿಂಗಳಿಂದ ಬಲಕ್ಕೆ ವರ್ಷಗಟ್ಟಲೆ ಚಾಚಿದ ಉದ್ದ ಬಾಲದಲ್ಲಿರುತ್ತಾರೆ. ವಯಸ್ಸು, ರೋಗದ ಹಂತ, ಸಿಕ್ಕ ಚಿಕಿತ್ಸೆ ಇವುಗಳಿಂದ ತಾನು ಆ ಬಾಲದಲ್ಲಿರುವ ಸಾಧ್ಯತೆ ಹೆಚ್ಚೆಂದು 1985ರಲ್ಲಿ ಬರೆದರು. ಅವರು ತೀರಿಕೊಂಡದ್ದು 2002ರಲ್ಲಿ, ಬೇರೊಂದು ಕ್ಯಾನ್ಸರಿನಿಂದ. ಗೌಲ್ಡ್ ಅವರಿಗೆ ಬಾಸ್ಟನ್ನಿನ ಒಳ್ಳೆಯ ಆಸ್ಪತ್ರೆ ಬೇಗ ಸಿಕ್ಕಿತ್ತು ಎಂಬುದೂ ಆ ಲೆಕ್ಕದ ಭಾಗವೇ. ಅವರ ಉದಾಹರಣೆ ತೋರಿಸಿ ಗಿಡಮೂಲಿಕೆ, ಪಥ್ಯಗಳ ‘ಗ್ಯಾರಂಟಿ’ ಮಾರುವವರು ಕಥೆಯ ಈ ಅರ್ಧವನ್ನು ಬಿಟ್ಟುಬಿಡುತ್ತಾರೆ. ಚಿಕಿತ್ಸೆಯಿಲ್ಲದೆ ಗಡ್ಡೆ ತಾನಾಗಿ ಕರಗಿದ ವರದಿಗಳು ವೈದ್ಯಸಾಹಿತ್ಯದಲ್ಲಿ ಬೆರಳೆಣಿಕೆಯಷ್ಟಿವೆ. ಅವನ್ನು ನಂಬಿ ಕೂರಲಾಗದು.

ಆಸ್ಪತ್ರೆ, ಹಣ, ದಾಖಲೆ

ಮುಳಬಾಗಿಲು ಕಡೆಯ ರೋಗಿಗೆ ಮೊದಲ ಮೆಟ್ಟಿಲು ಕೋಲಾರದ ಎಸ್ಎನ್ಆರ್ ಜಿಲ್ಲಾ ಆಸ್ಪತ್ರೆ ಅಥವಾ ಟಮಕದ ಆರ್.ಎಲ್. ಜಾಲಪ್ಪ ಆಸ್ಪತ್ರೆ. ಮುಂದಿನದು ಬೆಂಗಳೂರು: ಎದೆರೋಗಕ್ಕೆ ರಾಜೀವ್ ಗಾಂಧಿ ಎದೆರೋಗಗಳ ಸಂಸ್ಥೆ, ಕ್ಯಾನ್ಸರಿಗೆ ಕಿದ್ವಾಯಿ. 1973ರಲ್ಲಿ ಶುರುವಾದ ಕಿದ್ವಾಯಿ ಸ್ಮಾರಕ ಗಂಥಿ ಸಂಸ್ಥೆ 1980ರಲ್ಲಿ ಪ್ರಾದೇಶಿಕ ಕ್ಯಾನ್ಸರ್ ಕೇಂದ್ರವಾಯಿತು. ಬಿಪಿಎಲ್ ಕುಟುಂಬಕ್ಕೆ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಡಿ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ನೆರವಿದೆ. ರೈಲಿನಲ್ಲಿ ರೋಗಿಗೂ ಜೊತೆಗಾರನಿಗೂ ರಿಯಾಯಿತಿಯಿದೆ, ಆದರೆ ಮುಳಬಾಗಿಲಿಗೆ ರೈಲಿಲ್ಲ. ಬಂಗಾರಪೇಟೆಗೋ ಮಾರಿಕುಪ್ಪಂಗೋ ಹೋಗಿ ಹತ್ತಬೇಕು. ಕೊನೆಯ ದಿನಗಳ ನೋವು ನಿರ್ವಹಣೆಗೆ ಬೆಂಗಳೂರಿನ ಕರುಣಾಶ್ರಯ 1999ರಿಂದ ಹಣ ಪಡೆಯದೆ ಆರೈಕೆ ನೀಡುತ್ತಿದೆ.

ಭಾರತದಲ್ಲಿ ಕಲ್ನಾರು ಗಣಿಗಾರಿಕೆಗೆ 1986ರಿಂದ ಹೊಸ ಗುತ್ತಿಗೆ ಕೊಡುವುದು ನಿಂತಿತು. ಆಮದು ನಿಂತಿಲ್ಲ. ರಷ್ಯಾ, ಕಜಕಸ್ತಾನ, ಬ್ರೆಜಿಲ್‌ಗಳಿಂದ ವರ್ಷಕ್ಕೆ ಲಕ್ಷಾಂತರ ಟನ್ ಬಿಳಿ ಕಲ್ನಾರು ಬರುತ್ತಿದೆ. ಅರವತ್ತಕ್ಕೂ ಹೆಚ್ಚು ದೇಶಗಳು ಅದನ್ನು ನಿಷೇಧಿಸಿವೆ; ಇಲ್ಲಿ ನಿಷೇಧ ಕೋರಿದ ಅರ್ಜಿಯನ್ನು ಸುಪ್ರೀಂ ಕೋರ್ಟ್ 2011ರಲ್ಲಿ ಒಪ್ಪಲಿಲ್ಲ. ಅದೇ ಕೋರ್ಟು 1995ರ ಜನವರಿ 27ರಂದು, ಗ್ರಾಹಕ ಶಿಕ್ಷಣ ಮತ್ತು ಸಂಶೋಧನಾ ಕೇಂದ್ರದ ಮೊಕದ್ದಮೆಯಲ್ಲಿ, ಕಾರ್ಮಿಕನ ಆರೋಗ್ಯ ಸಂವಿಧಾನದ 21ನೇ ವಿಧಿಯ ಬದುಕುವ ಹಕ್ಕಿನ ಭಾಗವೆಂದಿತ್ತು. ಕಲ್ನಾರು ಕಾರ್ಖಾನೆಗಳು ಪ್ರತಿ ಕಾರ್ಮಿಕನ ಆರೋಗ್ಯ ದಾಖಲೆಯನ್ನು ಕೆಲಸಕ್ಕೆ ಸೇರಿದಂದಿನಿಂದ 40 ವರ್ಷ ಅಥವಾ ಕೆಲಸ ಬಿಟ್ಟ ಮೇಲೆ 15 ವರ್ಷ, ಯಾವುದು ತಡವೋ ಅಲ್ಲಿಯವರೆಗೆ ಇಟ್ಟಿರಬೇಕು ಎಂದೂ ಆದೇಶಿಸಿತು. ರೋಗ ಬಲಿಯಲು ಹಿಡಿಯುವ ಕಾಲವನ್ನು ನೋಡಿದರೆ ಈ ಅವಧಿ ಸರಿಯಾದದ್ದೇ. ಗುತ್ತಿಗೆದಾರನ ಕೈಕೆಳಗೆ ಶೀಟು ಕೊಯ್ದವನಿಗೆ ಮಾತ್ರ ಇಂಥ ದಾಖಲೆ ಇರುವುದಿಲ್ಲ. ಅವನ ಪಾಲಿಗೆ ದಾಖಲೆಯೆಂದರೆ ಆಸ್ಪತ್ರೆಯ ಕಡತದಲ್ಲಿ ವೈದ್ಯರು ಬರೆಯುವ ಕೆಲಸದ ಚರಿತ್ರೆ: ಎಲ್ಲಿ, ಯಾವ ವರ್ಷದಿಂದ ಯಾವ ವರ್ಷದವರೆಗೆ, ಯಾವ ಸಾಮಾನಿನ ಜೊತೆ ಕೆಲಸ. ಬೀಡಿ ಸೇದುತ್ತೀರಾ ಎಂದು ಕೇಳುವಷ್ಟೇ ಸಹಜವಾಗಿ ಇದನ್ನೂ ಕೇಳಿ ಬರೆದುಕೊಂಡರೆ ಪೊರೆಯ ತುಣುಕು ತೆಗೆಯುವ ನಿರ್ಧಾರ ತಿಂಗಳುಗಟ್ಟಲೆ ಮೊದಲೇ ಆಗುತ್ತದೆ. ಪರಿಹಾರದ ಅರ್ಜಿಗೂ ಅದೇ ಮೊದಲ ಪುರಾವೆಯಾಗುತ್ತದೆ.